ಡಿವಿಆರ್ ಡಿಸ್ಕ್ ಫಾರ್ಮ್ಯಾಟ್ ಆಗಿಹೋಯಿತು, ಕ್ರ್ಯಾಕ್ ಹಾಕದೆ ವಿಡಿಯೊ ತೆಗೆಯಬಹುದಾ?

ಪ್ರಶ್ನೆ:
ಸಿಸಿಟಿವಿ ಕ್ಯಾಮೆರಾದ ವಿಡಿಯೊ ರೆಕಾರ್ಡ್ ಮಾಡುವ ಡಿವಿಆರ್‌ನಲ್ಲಿ ಪಾಸ್‌ವರ್ಡ್ ಬದಲಿಸಲು ಹೋಗಿ ಮೆನುವಿನಲ್ಲಿ ಏನೋ ಒತ್ತಿಬಿಟ್ಟೆ, ಹಾರ್ಡ್ ಡಿಸ್ಕ್ ಫಾರ್ಮ್ಯಾಟ್ ಆಯಿತು. ಮೊನ್ನೆ ಗೇಟ್ ಹತ್ತಿರ ನನ್ನ ಬೈಕಿಗೆ ಯಾರೋ ಗುದ್ದಿ ಹೋದದ್ದು ಅದರಲ್ಲೇ ಇತ್ತು. ಡಿಸ್ಕ್ ಬಿಚ್ಚಿ ಕಂಪ್ಯೂಟರಿಗೆ ಹಾಕಿದರೆ ವಿಂಡೋಸ್ ‘ಫಾರ್ಮ್ಯಾಟ್ ಮಾಡಬೇಕಾ’ ಅಂತ ಕೇಳುತ್ತಿದೆ. ಗೆಳೆಯ ಒಂದು ರಿಕವರಿ ಸಾಫ್ಟ್‌ವೇರಿನ ಕ್ರ್ಯಾಕ್ (ದುಡ್ಡು ಕೊಡದೆ ಓಡಿಸುವ ಕಳ್ಳ ಪ್ರತಿ) ಕಳಿಸಿದ್ದಾನೆ, ಆಂಟಿವೈರಸ್ ಆಫ್ ಮಾಡಿ ಹಾಕ್ಕೋ ಅಂತಾನೆ. ಹಾಕಲಾ?

ಉತ್ತರ:
ಬೇಡ. ಆಂಟಿವೈರಸ್ ಆಫ್ ಮಾಡು ಅಂದರೆ ಅದರಲ್ಲಿ ವೈರಸ್ ಇರಬಹುದು ಅಂತ ನಿಮಗೇ ಗೊತ್ತಲ್ವಾ. ವಿಂಡೋಸ್ ಕೇಳಿದ್ದಕ್ಕೆ ಕ್ಯಾನ್ಸಲ್ ಒತ್ತಿ. ಎಷ್ಟೋ ಡಿವಿಆರ್‌ಗಳು ತಮ್ಮದೇ ರೀತಿಯಲ್ಲಿ ಡಿಸ್ಕ್ ಬರೆಯುತ್ತವೆ, ವಿಂಡೋಸಿಗೆ ಅದು ಓದಲು ಬರುವುದಿಲ್ಲ, ಅಷ್ಟೇ. ಡಿಸ್ಕನ್ನು ವಾಪಸ್ ಡಿವಿಆರ್‌ಗೂ ಹಾಕಬೇಡಿ. ಹಾಕಿದ ಕೂಡಲೇ ಅದು ರೆಕಾರ್ಡಿಂಗ್ ಶುರು ಮಾಡುತ್ತದೆ, ಹಳೆಯದರ ಮೇಲೆ ಹೊಸದು ಕೂರುತ್ತದೆ, ಆಮೇಲೆ ಯಾವ ಸಾಫ್ಟ್‌ವೇರೂ ಏನೂ ಮಾಡಲಾಗದು. ಫಾರ್ಮ್ಯಾಟ್ ಆದಾಗ ಸಾಮಾನ್ಯವಾಗಿ ಹೋಗುವುದು ಯಾವ ವಿಡಿಯೊ ಎಲ್ಲಿದೆ ಅನ್ನುವ ಪಟ್ಟಿ ಮಾತ್ರ, ವಿಡಿಯೊ ಅಲ್ಲೇ ಬಿದ್ದಿರುತ್ತದೆ.

ಮೊದಲು ಪೂರ್ತಿ ಡಿಸ್ಕಿನ ಇಮೇಜ್, ಅಂದರೆ ಇದ್ದದ್ದು ಇದ್ದಂತೆ ಪೂರ್ತಿ ನಕಲು, ಬೇರೆ ಡಿಸ್ಕಿಗೆ ತೆಗೆಯಿರಿ. ಲಿನಕ್ಸ್ ಪೆನ್‌ಡ್ರೈವಿನಿಂದ ಬೂಟ್ ಮಾಡಿ ಜಿಎನ್‌ಯು ಡಿಡಿರೆಸ್ಕ್ಯೂ ಅನ್ನುವ ಡಿಸ್ಕ್ ನಕಲು ಮಾಡುವ ಸಾಫ್ಟ್‌ವೇರ್ ಓಡಿಸಿ, ಉಚಿತ. ಎಲ್ಲಿವರೆಗೆ ನಕಲಾಗಿದೆ ಅಂತ ಬರೆದಿಡುವ ಮ್ಯಾಪ್ ಫೈಲ್ ಕೊಟ್ಟರೆ ಮಧ್ಯೆ ನಿಂತರೂ ಅಲ್ಲಿಂದಲೇ ಮುಂದುವರಿಯುತ್ತದೆ. ಮೂಲ ಯಾವುದು, ಗುರಿ ಯಾವುದು ಅಂತ ಎರಡು ಸಲ ನೋಡಿ, ಉಲ್ಟಾ ಮಾಡಿ ಅತ್ತವರನ್ನು ಕಂಡಿದ್ದೇನೆ. ಡಿಸ್ಕಿನಿಂದ ಟಕ್ ಟಕ್ ಸದ್ದು ಬಂದರೆ ನಿಲ್ಲಿಸಿ ಲ್ಯಾಬಿಗೆ ಕೊಡಿ.

ಆಮೇಲೆ ಇಮೇಜ್ ಮೇಲೆ ಮಾತ್ರ ಕೆಲಸ. ಅಳಿದ ಫೈಲ್ ಹುಡುಕುವ ಫೋಟೊರೆಕ್ ಉಚಿತ, ಕ್ಯಾಮೆರಾದ ಮೆಮೊರಿ ಕಾರ್ಡಿಗಾದರೆ ಜಾಸ್ತಿ ಉಪಯೋಗ. ಡಿವಿಆರ್ ಡಿಸ್ಕಿನಲ್ಲಿ ಅದಕ್ಕೆ ಏನೂ ಸಿಗದೇ ಹೋಗಬಹುದು. ಆಗ ಡಿವಿಆರ್‌ಗೆಂದೇ ಇರುವ ಸಾಫ್ಟ್‌ವೇರಿನ ಟ್ರಯಲ್ ಹಾಕಿ, ಪ್ರಿವ್ಯೂನಲ್ಲಿ ನಿಮ್ಮ ಗೇಟು ಕಂಡರೆ ಮಾತ್ರ ದುಡ್ಡು ಕೊಡಿ.

ಪ್ರಶ್ನೆ ಕೇಳಿದವರು:
1 ಟಿಬಿ ಡಿಸ್ಕ್, ಇಮೇಜ್ ತೆಗೆಯಲು ರಾತ್ರಿಯಿಡೀ ಹಿಡಿಯಿತು. ಫೋಟೊರೆಕ್‌ಗೆ ಏನೂ ಸಿಗಲಿಲ್ಲ. ಟ್ರಯಲ್‌ನಲ್ಲಿ ಮೊನ್ನೆಯ ರೆಕಾರ್ಡಿಂಗ್ ಬಂತು, ಆದರೆ ಬೈಕ್ ಬಿದ್ದ 8 ಗಂಟೆಯ ಹೊತ್ತಿನಲ್ಲಿ ಗೇಟು ಸುಮ್ನೆ ಖಾಲಿ ಕಾಣಿಸುತ್ತಿದೆ.

ಉತ್ತರ:
ಡಿವಿಆರ್ ಗಡಿಯಾರ ಸರಿ ಇತ್ತಾ? ಅದನ್ನು ಆನ್ ಮಾಡಿ ಫೋನಿನ ಟೈಮ್ ಜೊತೆ ಹೋಲಿಸಿ. ಡಿಸ್ಕ್ ಹೊರಗೇ ಇರಲಿ!

ಪ್ರಶ್ನೆ ಕೇಳಿದವರು:
47 ನಿಮಿಷ ಮುಂದಿತ್ತು! 8:47ಕ್ಕೆ ನೋಡಿದೆ, ಬಿಳಿ ಕಾರು ಹಿಂದಕ್ಕೆ ಬಂದು ಬೈಕಿನ ಕನ್ನಡಿಗೆ ತಾಗಿದ್ದು ಸ್ಪಷ್ಟವಾಗಿದೆ. ಲೈಸೆನ್ಸ್ ತಗೊಂಡು ಆ ತುಣುಕು ಉಳಿಸಿಕೊಂಡೆ. ಗೆಳೆಯನ ಫೈಲ್ ಡಿಲೀಟ್.