ಅಪ್‌ಡೇಟ್: ಅವ್ವನ ಜೊತೆ ಫೆರಿಯಲ್ಲಿ ಹಳೇ ಗೋವಾ

ಮೊಣಕಾಲು ನೋವಿರುವ ಅವ್ವನನ್ನು ಹುಬ್ಬಳ್ಳಿಯಿಂದ ಕರೆದುಕೊಂಡು ಹೋಗಿ, ದಿವಾರ್ ದ್ವೀಪದಿಂದ ಫೆರಿಯಲ್ಲಿ ಹಳೇ ಗೋವಾ ತೋರಿಸಬಹುದಾ ಅಂತ ಕೇಳಿದ್ದೆ ಅಲ್ವಾ, ಹೋಗಿ ಬಂದೆವು. ನೀವೂ ಧೈರ್ಯವಾಗಿ ಹೋಗಿ. ಫೆರಿಗೆ ಮೆಟ್ಟಿಲು ಹತ್ತುವ ಕಷ್ಟ ಇಲ್ಲ, ಬೈಕು ಕಾರು ಹತ್ತುವ ಇಳಿಜಾರಿನಲ್ಲೇ ನಾವೂ ನಡೆದು ಹತ್ತಿದೆವು. ಮಾಂಡೋವಿ ನದಿ ದಾಟಿ ಸ್ವಲ್ಪ ಮುಂದೆ ನಡೆದರೆ ವೈಸ್‌ರಾಯ್ ಕಮಾನು, ಅಂದರೆ ಪೋರ್ಚುಗೀಸರ ಕಾಲದ ಹೆಬ್ಬಾಗಿಲು.

ಗೈಡ್ ಇಟ್ಟುಕೊಂಡಿದ್ದು ಬಹಳ ಒಳ್ಳೇದಾಯ್ತು. ಇಲ್ಲದಿದ್ದರೆ ಸೇಂಟ್ ಕಜೆಟನ್ ಚರ್ಚ್ ಹತ್ತಿರ ಒಂಟಿಯಾಗಿ ನಿಂತ ಆ ಕರಿಗಲ್ಲಿನ ಬಾಗಿಲನ್ನು ಯಾರು ಗಮನಿಸುತ್ತಿದ್ದರು? 1510ರಲ್ಲಿ ಪೋರ್ಚುಗೀಸರು ಊರು ಗೆಲ್ಲುವ ಮುಂಚೆ ಇದ್ದ, ನಮ್ಮ ವಿಜಯಪುರದ ಆದಿಲ್‌ಶಾಹಿಗಳ ಅರಮನೆಯದಂತೆ ಅದು. ಅವ್ವ ಅದರ ಕೆತ್ತನೆ ನೋಡುತ್ತಾ ಬಹಳ ಹೊತ್ತು ನಿಂತಳು. ಬಾಮ್ ಜೀಸಸ್ ಚರ್ಚಿಗೆ ಹೋಗುವವರು ಭುಜ, ಮೊಣಕಾಲು ಮುಚ್ಚುವ ಬಟ್ಟೆ ಹಾಕಿಕೊಳ್ಳಿ.