ಒಬ್ಬ ಪಿಚರ್ 14 ತಂಡಕ್ಕ ಹೆಂಗ ಆಡ್ತಾನ?

ಪ್ರಶ್ನೆ (ಕಲಬುರಗಿ): ಪಿಚರ್ (ಬೇಸ್‌ಬಾಲ್‌ನಾಗ ಚೆಂಡು ಎಸೆಯೋ ಆಟಗಾರ) ಎಡ್ವಿನ್ ಜಾಕ್ಸನ್ 2003ರಿಂದ 2019ರ ತನಕ ಅಮೆರಿಕದ ದೊಡ್ಡ ಲೀಗ್ ಆದ ಮೇಜರ್ ಲೀಗ್ ಬೇಸ್‌ಬಾಲ್‌ನಾಗ 14 ತಂಡಕ್ಕ ಆಡ್ಯಾನ. ಚಲೋ ಆಟಗಾರ ಇದ್ರ ಒಂದ ತಂಡ ಯಾಕ ಇಟ್ಕೊಳ್ಳಲ್ಲ? ಗೊತ್ತಿದ್ದವರು ಹೇಳ್ರಿ.

ಉತ್ತರ (ಬೀದರ್): ಮುಖ್ಯ ಕಾರಣ 'ಆಪ್ಷನ್' ನಿಯಮ ಅದ ರೀ. ತಂಡದ 40 ಮಂದಿ ಮುಖ್ಯ ಪಟ್ಟಿಯೊಳಗಿನ ಆಟಗಾರನ್ನ ಸಾಮಾನ್ಯವಾಗಿ 3 ಸೀಸನ್ ಮಾತ್ರ ಮೈನರ್ ಲೀಗಿಗೆ (ಕೆಳಗಿನ ಹಂತದ ಲೀಗಿಗೆ) ಇಳಿಸಿ ಮತ್ತ ಕರಿಸ್ಕೋಬಹುದು. ಅವು ಮುಗಿದ ಮ್ಯಾಲ ಇಳಿಸಬೇಕಂದ್ರ ಮೊದಲ ವೇವರ್‌ಗೆ ಹಾಕ್ಬೇಕು, ಅಂದ್ರ ಬ್ಯಾರೆ ತಂಡಗಳಿಗೆ ಅವನ್ನ ತಗೊಳ್ಳಾಕ ಅವಕಾಶ ಕೊಡಬೇಕು. ಬ್ಯಾರೆ ತಂಡ ಕೇಳಿದ್ರ ಅಂವ ಅಲ್ಲಿಗೇ ಹೋದ. ಪಟ್ಟಿಯಿಂದ ತೆಗೆದ್ರ 7 ದಿನದೊಳಗ ಟ್ರೇಡ್ (ಬ್ಯಾರೆ ತಂಡದ ಜೋಡಿ ಅದಲು-ಬದಲು), ವೇವರ್ ಇಲ್ಲಾ ಬಿಡುಗಡೆ, ಏನರೆ ಒಂದು ಆಗ್ಲೇಬೇಕು.

ಉತ್ತರ (ಯಾದಗಿರಿ): ನಿಯಮ ಅಷ್ಟೇ ಅಲ್ಲ. 2010ರ ಜೂನ್ 25ಕ್ಕ ಜಾಕ್ಸನ್ ಅರಿಜೋನಾ ಪರ ನೋ-ಹಿಟರ್ ಎಸೆದ, ಎದುರಾಳಿಗೆ ಒಂದೂ ಹಿಟ್ (ಚೆಂಡು ಹೊಡೆದು ಬೇಸ್ ಮುಟ್ಟೋದು) ಇಲ್ಲ. ಎಂಥಾ ಸಾಧನೆ ರೀ! ಆದ್ರ ಅದಕ್ಕ 149 ಎಸೆತ, 8 ವಾಕ್ (ಎಸೆತ ಗುರಿ ತಪ್ಪಿ ಬ್ಯಾಟರ್‌ಗೆ ಪುಕ್ಕಟೆ ಬೇಸ್ ಸಿಗೋದು) ಹಿಡಿದ್ವು. ವೇಗ ಭಾಳ, ನಿಯಂತ್ರಣ ಕಡಿಮಿ. ಮರುತಿಂಗಳೇ ಶಿಕಾಗೋ ವೈಟ್ ಸಾಕ್ಸ್‌ಗೆ ಟ್ರೇಡ್ ಆದ. ವೇಗ ಇದ್ದಂವನ್ನ ತಿದ್ದಬಹುದು ಅಂತ ಹೊಸ ತಂಡ ಕರೀತಾವ.

ಪ್ರಶ್ನೆ (ಕಲಬುರಗಿ): ಎನ್.ವಿ. ಮೈದಾನದಾಗ ಬೌಲಿಂಗ್ ಮಾಡೋ ಹುಡುಗ್ರು ಪಿಚರ್ ಹಂಗೇ ಎಸೀಬಹುದಾ?

ಉತ್ತರ (ಬೀದರ್): ಬ್ಯಾಡ್ರಿ, ಒಮ್ಮೆಲೇ ಪೂರಾ ಜೋರಿನಿಂದ ಬ್ಯಾಡ. ಪಿಚರ್ ಮೊಣಕೈ ಮಡಚಿ 18.44 ಮೀಟರ್ ದೂರದ ಪ್ಲೇಟಿಗೆ (ಬ್ಯಾಟರ್ ನಿಲ್ಲೋ ಜಾಗಕ್ಕ) ಎಸೀತಾನ, ಮೊಣಕೈ ಒಳಬದಿಯ ಲಿಗಮೆಂಟಿಗೆ (ಎಲುಬು ಕೂಡಿಸೋ ನಾರಿಗೆ) ಜಗ್ಗು ಬೀಳ್ತದ. ಅದು ಹರಿದ್ರ ಆ ನಾರು ಹೊಸದಾಗಿ ಕಟ್ಟೋ ಟಾಮಿ ಜಾನ್ ಶಸ್ತ್ರಚಿಕಿತ್ಸೆ, ಮೈದಾನಕ್ಕ ಬರಾಕ 12ರಿಂದ 18 ತಿಂಗಳು.