ಕಣ್ಣಿನ ಡಾಕ್ಟರ್ ಜೊತೆ ಪ್ರಶ್ನೋತ್ತರ: ಟೆನ್ಷನ್‌ಗೂ ದೃಷ್ಟಿಗೂ ಏನು ಸಂಬಂಧ?

ಬ್ಯಾಂಕ್ ಬಾಬು: ಮೇಡಂ, ಮಾರ್ಚ್ ಕ್ಲೋಸಿಂಗ್ ಆದಾಗಿನಿಂದ ಬಲಗಣ್ಣಿನ ನಟ್ಟನಡುವೆ ಕಾಫಿ ಕಲೆಯಂಥ ಮಬ್ಬು. ಬಾಗಿಲ ಚೌಕಟ್ಟು ಸೊಟ್ಟಗೆ ಕಾಣುತ್ತದೆ. ವಯಸ್ಸು 41. ಟೆನ್ಷನ್ನಾ?

ಡಾಕ್ಟರ್: ಸಿಎಸ್‌ಆರ್ ಇರಬಹುದು, ಅಂದರೆ ಕಣ್ಣಿನ ಹಿಂಭಾಗದ ಪರದೆಯಾದ ರೆಟಿನಾ ಅಡಿಯಲ್ಲಿ ನೀರು ಸೇರುವುದು. ಒತ್ತಡ, ನಿದ್ದೆಗೇಡು ಇರುವ ಗಂಡಸರಲ್ಲಿ ಜಾಸ್ತಿ. ರೆಟಿನಾದ ಪದರಗಳನ್ನು ತೋರಿಸುವ ಓಸಿಟಿ ಸ್ಕ್ಯಾನ್ ಮಾಡಿಸಿ. ಹೆಚ್ಚಿನವರಿಗೆ 3-4 ತಿಂಗಳಲ್ಲಿ ತಾನಾಗಿಯೇ ಇಳಿಯುತ್ತದೆ. ಸ್ಟೀರಾಯ್ಡ್‌ನಿಂದಲೂ ಹೀಗಾಗಬಹುದು, ಏನಾದರೂ ತಗೊಳ್ತೀರಾ? ಇನ್‌ಹೇಲರ್, ಮಂಡಿ ಇಂಜೆಕ್ಷನ್, ಚರ್ಮದ ಕ್ರೀಮು, ಎಲ್ಲವೂ ಲೆಕ್ಕಕ್ಕೆ ಬರುತ್ತದೆ.

ಬ್ಯಾಂಕ್ ಬಾಬು: ಸ್ಟೀರಾಯ್ಡ್ ಇಲ್ಲ. ಬೆನ್ನುನೋವಿಗೆ ಒಬ್ಬರು ಪೊಟ್ಟಣದಲ್ಲಿ ಪುಡಿ ಕೊಡುತ್ತಾರೆ. ಎರಡೇ ದಿನಕ್ಕೆ ನೋವು ಮಾಯ.

ಡಾಕ್ಟರ್: ಎರಡೇ ದಿನಕ್ಕೆ ಮಾಯ ಅಂದರೆ ಅದರಲ್ಲಿ ಸ್ಟೀರಾಯ್ಡ್ ಬೆರೆಸಿದ್ದಾರೇನೋ ಅಂತ ನನಗೆ ಅನುಮಾನ. ಆ ಪೊಟ್ಟಣವನ್ನೂ ತಗೊಂಡು ರೆಟಿನಾ ಡಾಕ್ಟರ ಹತ್ತಿರ ಹೋಗಿ. ತಿಂಗಳುಗಟ್ಟಲೆ ತಿಂದಿದ್ದರೆ ನೀವೇ ತಟ್ಟನೆ ನಿಲ್ಲಿಸಬೇಡಿ. ಅದೂ ಅಪಾಯ.

ಮಲ್ಲಿಗೆ: ಎಡಗಣ್ಣಿನ ರೆಪ್ಪೆ ಹತ್ತು ದಿನದಿಂದ ಅದುರುತ್ತಿದೆ.

ಡಾಕ್ಟರ್: ನಿದ್ದೆ ಮಾಡಿ, ಕಾಫಿ ಕಮ್ಮಿ ಮಾಡಿ. ಮುಖದ ಅರ್ಧ ಭಾಗವೂ ಸೇರಿ ಅದುರಿದರೆ ತೋರಿಸಿ.

ಚಿನ್ನು ಅಮ್ಮ: ಮಗಳು ಏಳನೇ ಕ್ಲಾಸ್. ಜನವರಿಯಲ್ಲಿ ಇವರು ಬೈಕ್ ಆಕ್ಸಿಡೆಂಟ್‌ನಲ್ಲಿ ಹೋದರು. ಇವಳು ಹಿಂದೆ ಕೂತಿದ್ದಳು, ಮೈಮೇಲೆ ಒಂದು ಗೀರೂ ಇಲ್ಲ. ಮೂರು ವಾರದಿಂದ ಬೋರ್ಡ್ ಕಾಣಲ್ಲ ಅಂತಾಳೆ. ಕೊಳವೆಯೊಳಗಿಂದ ನೋಡಿದ ಹಾಗಂತೆ. ಎರಡು ಕಡೆ ತೋರಿಸಿದೆ, ಕಣ್ಣು ಸರಿಯಿದೆ ಅಂದರು. ಮನೆಯಲ್ಲಿ ನಾಟಕ ಅಂತಿದ್ದಾರೆ.

ಡಾಕ್ಟರ್: ಅಮ್ಮಾ, ಮೊದಲು ಆ ನಾಟಕ ಅನ್ನುವ ಮಾತು ಅವಳ ಕಿವಿಗೆ ಬೀಳದ ಹಾಗೆ ನೋಡಿಕೊಳ್ಳಿ. ಕಣ್ಣು, ನರ ಎರಡೂ ಸರಿಯಿದ್ದು, ಮಿದುಳು ಆ ಚಿತ್ರವನ್ನು ಬಳಸದೇ ಇರುವುದುಂಟು. ಮನಸ್ಸಿಗೆ ದೊಡ್ಡ ಆಘಾತ ಆದವರಲ್ಲಿ ಇದನ್ನು ಕಾಣುತ್ತೇವೆ. ಮಗು ಸುಳ್ಳು ಹೇಳುತ್ತಿರುವುದಿಲ್ಲ, ಅವಳಿಗೆ ನಿಜವಾಗಿಯೂ ಕಾಣುತ್ತಿರುವುದಿಲ್ಲ.
ಪತ್ತೆ ಹೇಗೆ? ಕಣ್ಣ ಮುಂದೆ ದೊಡ್ಡ ಕನ್ನಡಿ ಹಿಡಿದು ಮೆಲ್ಲಗೆ ಓರೆ ಮಾಡುತ್ತೇವೆ. ದೃಷ್ಟಿ ಇದ್ದರೆ ಕಣ್ಣು ತಡೆಯಲಾರದೆ ಕನ್ನಡಿಯ ಜೊತೆ ಹೊರಳುತ್ತದೆ. ಇನ್ನೊಂದು, ಒಂದು ಮೀಟರ್ ದೂರದಲ್ಲಿ ಅವಳಿಗೆ ಎಷ್ಟು ಅಗಲ ಕಾಣುತ್ತದೆ ಅಂತ ಗುರುತು ಹಾಕಿ, ಎರಡು ಮೀಟರ್‌ಗೆ ಸರಿಸಿ ಮತ್ತೆ ನೋಡುತ್ತೇವೆ. ಕಣ್ಣಿನ ರೋಗವಾದರೆ ಆ ಅಗಲ ಟಾರ್ಚ್ ಬೆಳಕಿನ ಹಾಗೆ ದುಪ್ಪಟ್ಟಾಗಬೇಕು. ಅಷ್ಟೇ ಇದ್ದರೆ ನಿಜಕ್ಕೂ ಕೊಳವೆ. ಕಣ್ಣಿನ ರೋಗ ಹಾಗೆ ಮಾಡುವುದಿಲ್ಲ.
ಆದರೆ ನನ್ನ ಚಿಂತೆ ಬೇರೆ. ಗೀರಿಲ್ಲ ಅಂದ ಮಾತ್ರಕ್ಕೆ ತಲೆಗೆ ಪೆಟ್ಟಾಗಿಲ್ಲ ಅಂತಲ್ಲ. ಸ್ಟಾರ್‌ಗಾರ್ಟ್ ಅಂತ ಒಂದು ರೆಟಿನಾ ಕಾಯಿಲೆಯೂ ಇದೆ. ಶುರುವಿನಲ್ಲಿ ರೆಟಿನಾ ಚೆನ್ನಾಗಿಯೇ ಕಾಣುತ್ತದೆ, ನಾಟಕ ಅನ್ನಿಸಿಕೊಂಡ ಮಕ್ಕಳಿದ್ದಾರೆ. ಓಸಿಟಿ, ಸುತ್ತ ಎಷ್ಟು ಕಾಣುತ್ತದೆ ಅಂತ ಅಳೆಯುವ ಫೀಲ್ಡ್ ಟೆಸ್ಟ್ ಮಾಡಿಸಿ, ಮಕ್ಕಳ ನರರೋಗ ತಜ್ಞರಿಗೂ ಒಮ್ಮೆ ತೋರಿಸಿ. ಎಲ್ಲಾ ಸರಿ ಬಂದರೆ ಮಕ್ಕಳ ಆಪ್ತಸಲಹೆ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಇವತ್ತೇ ಕರೆ ಮಾಡಬಹುದು, ಕನ್ನಡದಲ್ಲಿ ಮಾತಾಡುತ್ತಾರೆ, ದುಡ್ಡಿಲ್ಲ. ಹೆಚ್ಚಿನ ಮಕ್ಕಳಿಗೆ ದೃಷ್ಟಿ ವಾಪಸ್ ಬರುತ್ತದೆ.
ಅಂದ ಹಾಗೆ, ರಾತ್ರಿ ನಿದ್ದೆ ಮಾಡ್ತಾಳಾ?

ಚಿನ್ನು ಅಮ್ಮ: ಇಲ್ಲ ಮೇಡಂ. ಬೈಕ್ ಸದ್ದಾದರೆ ಎದ್ದು ಕೂರ್ತಾಳೆ.

ಸಾಫ್ಟ್‌ವೇರ್ ಸೀನ: ಬ್ಲೂ ಕಟ್ ಕನ್ನಡಕ ತಗೋಬಹುದಾ?

ದೊಡ್ಡಮನೆ ಮಾವ: ಎಲ್ಲಾ ಸ್ಕೂಲ್ ತಪ್ಪಿಸೋ ಉಪಾಯ. ನಮ್ಮ ಕಾಲದಲ್ಲಿ ಎರಡು ಏಟು ಬಿದ್ದರೆ ಕಣ್ಣು ತೆರೀತಿತ್ತು.

ಮಲ್ಲಿಗೆ: ಮಾವ, ಅಪ್ಪನ್ನ ಕಳಕೊಂಡ ಮಗು ಅದು. ನಾಚಿಕೆ ಆಗಲ್ವಾ?

ದೊಡ್ಡಮನೆ ಮಾವ: ನೀನು ಡಾಕ್ಟರಾ?

ಕರಾವಳಿ ಕಿಟ್ಟಿ: ಅಮ್ಮನಿಗೆ ಮಧ್ಯಾಹ್ನದಿಂದ ತಲೆನೋವು, ವಾಂತಿ. ಒಂದು ಕಣ್ಣು ಕೆಂಪು, ಮಂಜು. ಬಲ್ಬಿನ ಸುತ್ತ ಬಣ್ಣದ ಬಳೆ ಕಾಣ್ತದಂತೆ. ಮನೆಯಲ್ಲಿ ಜಾಗದ ಜಗಳ, ಟೆನ್ಷನ್ ಅಂತ ಮಲಗಿಸಿದ್ದೇವೆ.

ಮಲ್ಲಿಗೆ: ಡಾಕ್ಟ್ರೇ ಹೇಳಿದ್ದಾರಲ್ಲ ಮಾವ, ಮೇಲೆ ಓದಿ.

ಯೋಗ ರಂಗಣ್ಣ: ಮಲಗುವಾಗ ಕಣ್ಣಿಗೆ ಎರಡು ಹನಿ ಹರಳೆಣ್ಣೆ, ಬೆಳಿಗ್ಗೆ ಜೇನು. ಕನ್ನಡಕ ಬಿಸಾಕಿ. 21 ಜನಕ್ಕೆ ಕಳಿಸಿ.

ಡಾಕ್ಟರ್: ಕಣ್ಣು ಒಗ್ಗರಣೆ ಸೌಟಲ್ಲ. ಅಡುಗೆಮನೆಯ ಎಣ್ಣೆ, ಜೇನು ಯಾವುದೂ ಶುದ್ಧ ಮಾಡಿದ್ದಲ್ಲ, ಕಣ್ಣಿನ ಕರಿಗುಡ್ಡೆಗೆ ಹುಣ್ಣಾದರೆ ಕಲೆ ಜನ್ಮಕ್ಕೂ ಉಳಿಯುತ್ತದೆ. ಇನ್ನೊಂದು ಫಾರ್ವರ್ಡ್ ಬಂದರೆ ನಾನೇ ಗ್ರೂಪ್ ಬಿಡುತ್ತೇನೆ.
ಮಾವ, ನಿಮಗೂ ಒಂದು ಮಾತು. ಕಾಂಬೋಡಿಯಾದಲ್ಲಿ 1975ರಿಂದ 79ರವರೆಗೆ ಸರ್ವಾಧಿಕಾರಿ ಪೋಲ್ ಪಾಟ್ ಆಡಳಿತದಲ್ಲಿ ತಮ್ಮವರ ಕೊಲೆ ಕಣ್ಣಾರೆ ಕಂಡ ಹೆಂಗಸರು ಆಮೇಲೆ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್‌ಗೆ ಬಂದು ನೆಲೆಸಿದರು. ಕಣ್ಣು ಕಾಣಲ್ಲ ಅಂತ ಆಸ್ಪತ್ರೆಗೆ ಬಂದರು. ಕಣ್ಣಲ್ಲಿ ಅದಕ್ಕೆ ತಕ್ಕ ದೋಷವೇ ಸಿಗಲಿಲ್ಲ. ಅವರು ಯಾವ ಸ್ಕೂಲ್ ತಪ್ಪಿಸುತ್ತಿದ್ದರು?

ದೊಡ್ಡಮನೆ ಮಾವ: ಅದು ಫಾರಿನ್ ವಿಷಯ.

ಹೊಸ ಸದಸ್ಯ: ಮೇಡಂ, ಬಲಗಣ್ಣು ಅದುರ್ತಿದೆ.

ಡಾಕ್ಟರ್: ಮೇಲೆ ಓದಿ.

ಸಾಫ್ಟ್‌ವೇರ್ ಸೀನ: ಬ್ಲೂ ಕಟ್ ಬಗ್ಗೆ ಯಾರೂ ಹೇಳಲೇ ಇಲ್ಲ.

ಡಾಕ್ಟರ್: ಕರಾವಳಿ ಕಿಟ್ಟಿ, ಇದ್ದೀರಾ? ನಿಮ್ಮ ಮೆಸೇಜ್ ಈ ಜಗಳದಲ್ಲಿ ಮುಚ್ಚಿಹೋಗಿತ್ತು. ಅಮ್ಮನದು ಬರೀ ಟೆನ್ಷನ್ ಅಂತ ಕೂರಬೇಡಿ. ಕಣ್ಣಿನೊಳಗಿನ ಒತ್ತಡ (ಪ್ರೆಷರ್) ದಿಢೀರ್ ಏರಿರಬಹುದು, ಗ್ಲಾಕೋಮಾ. ತಡವಾದರೆ ಆ ಕಣ್ಣು ಹೋಗುತ್ತದೆ. ಬೆಳಿಗ್ಗೆವರೆಗೂ ಕಾಯಬೇಡಿ, ಈಗಲೇ ಕಣ್ಣಿನ ಎಮರ್ಜೆನ್ಸಿ ಇರುವ ಆಸ್ಪತ್ರೆಗೆ ಹೊರಡಿ.

ಯೋಗ ರಂಗಣ್ಣ: ಸುಮ್ನೆ ಹೆದರಿಸಬೇಡಿ ಮೇಡಂ, ಮೊದಲು ತಣ್ಣೀರು ಪಟ್ಟಿ...

ಡಾಕ್ಟರ್: ರಂಗಣ್ಣ, ಬಾಯಿ ಮುಚ್ಚಿ. ಕಿಟ್ಟಿ, ಹೊರಟಿರಾ?

ಕರಾವಳಿ ಕಿಟ್ಟಿ: ರಿಕ್ಷಾ ಬಂತು ಮೇಡಂ. ಅಮ್ಮ ಸೀರೆ ಬದಲಿಸಬೇಕು ಅಂತಿದ್ದಾರೆ.

ಡಾಕ್ಟರ್: ಉಟ್ಟ ಸೀರೆಯಲ್ಲೇ ಕರ್ಕೊಂಡು ಹೋಗಿ.